ಹಾಲಿನ ಬನ್ನಿನ ಹೆಪ್ಪು

“ಗುರುಗಳೇ, ಕಣ್ಣಾರೆ ಕಂಡದ್ದನ್ನು ಕಂಡ ಹಾಗೆಯೇ ಹೇಳಿದರೆ ಅದು ಪಾಪವಾಗುತ್ತದೆಯೇ?”

ಅಡವಯ್ಯ ಎಂಬ ಶಿಷ್ಯ ಹೀಗೆ ಕೇಳಿದ. ಮರುದಿನ ಅವನಿಗೆ ದೀಕ್ಷೆ. ಕೆಲವು ದಿನಗಳ ಹಿಂದೆ ಮಠದ ಪೂಜಾಮನೆಯಿಂದ ಬೆಳ್ಳಿಯ ಬಟ್ಟಲೊಂದು ಕಾಣೆಯಾಗಿತ್ತು. ಅದೇ ಹೊತ್ತಿಗೆ ಹೂದೋಟದ ಆಳು ದುರ್ಗಪ್ಪ ಪೂಜಾಮನೆಯಿಂದ ಹೊರಬರುವುದನ್ನು ಅಡವಯ್ಯ ಕಂಡಿದ್ದ. ಕಂಡದ್ದನ್ನು ಎಲ್ಲರೆದುರು ಹೇಳಿದ್ದ. ದುರ್ಗಪ್ಪ ಹೂವಿನ ಬುಟ್ಟಿಯನ್ನು ಕಟ್ಟೆಯ ಮೇಲಿಟ್ಟು ಹೋದವನು ತಿರುಗಿ ಬಂದಿರಲಿಲ್ಲ.

“ನಾನು ಒಂದು ಅಕ್ಷರವನ್ನೂ ಸೇರಿಸಿ ಹೇಳಲಿಲ್ಲ. ಆದರೂ ಮನಸ್ಸು ಕುಟುಕುತ್ತಿದೆ. ನಾಳೆ ದೀಕ್ಷೆಗೆ ಕೂರಬೇಕಾದವನು ನಾನು. ನನ್ನ ಮೇಲೆ ಕಲೆ ಇದೆಯೇ ಇಲ್ಲವೇ, ಅಷ್ಟು ಹೇಳಿಬಿಡಿ.”

ಗುರುಗಳು ಇದೆ ಎನ್ನಲಿಲ್ಲ, ಇಲ್ಲ ಎನ್ನಲಿಲ್ಲ. ಕೂತುಕೊಳ್ಳುವಂತೆ ಕೈ ತೋರಿಸಿ, “ಹಾಲಿನ ಬನ್ನು ತಿಂದಿದ್ದೀಯಾ?” ಎಂದು ಕೇಳಿದರು.

ಅಡವಯ್ಯನಿಗೆ ಗಲಿಬಿಲಿಯಾಯಿತು. “ತಿಂದಿದ್ದೇನೆ” ಎಂದ.

“ಅದು ಹೇಗೆ ಅಷ್ಟು ಮೆತ್ತಗಾಗುತ್ತದೆ, ಬಲ್ಲೆಯಾ?”

“ಇಲ್ಲ, ಗುರುಗಳೇ.”

“ಹಾಗಾದರೆ ಕೇಳು” ಎಂದು ಗುರುಗಳು ಕಣ್ಣು ಮುಚ್ಚಿ ದೇವರನ್ನು ನೆನೆದು ಹೇಳತೊಡಗಿದರು.

ಒಂದು ಊರು. ಅಲ್ಲಿ ಒಂದು ಮನೆ. ಮನೆಯಲ್ಲಿ ಒಬ್ಬ ಅತ್ತೆ, ಒಬ್ಬ ಸೊಸೆ. ಗಂಡಸರು ಬೆಳಗಾದರೆ ಕೆಲಸಕ್ಕೆ ಹೋಗುವವರು. ಅವರ ಮಾತು ಈ ಕತೆಗೆ ಬೇಡ.

ಅತ್ತೆಯ ತಂದೆ ಹಿಂದೆ ದಂಡಿನವರ ಅಡುಗೆಮನೆಯಲ್ಲಿ ಇದ್ದವನು. ಅಲ್ಲಿ ಬನ್ನು ಸುಡುವುದನ್ನು ಕಲಿತು, ಮಗಳಿಗೂ ಕಲಿಸಿದ್ದ. ಆಕೆ ಮದುವೆಯಾಗಿ ಗಂಡನ ಮನೆಗೆ ಬಂದಾಗ ಸೀರೆ ಪಾತ್ರೆಗಳ ಜೊತೆಗೆ ಒಂದು ಸಣ್ಣ ಭರಣಿಯನ್ನೂ ಮಡಿಲಲ್ಲಿಟ್ಟುಕೊಂಡು ಬಂದಿದ್ದಳು. ಭರಣಿಯಲ್ಲಿ ಹುಳಿ ಬಂದ ಹಿಟ್ಟು. ನಾವು ಹಾಲಿಗೆ ಹೆಪ್ಪು ಹಾಕುವುದಿಲ್ಲವೇ, ಹಾಗೆ ಅದು ಹಿಟ್ಟಿಗೆ ಹಾಕುವ ಹೆಪ್ಪು.

ಸಂಜೆ ಆ ಹೆಪ್ಪನ್ನು ಮೈದಾಹಿಟ್ಟಿಗೆ ಬೆರೆಸಿ, ಸಕ್ಕರೆ ಹಾಕಿ, ಬೆರಳು ತಾಳುವಷ್ಟು ಬೆಚ್ಚಗಿನ ಹಾಲು ಹೊಯ್ದು, ಬೆಣ್ಣೆ ಸವರಿ ನಾದಬೇಕು. ತೋಳು ಸೋಲುವವರೆಗೆ ನಾದಬೇಕು. ಒದ್ದೆ ಬಟ್ಟೆ ಮುಚ್ಚಿಟ್ಟರೆ ಬೆಳಗಾಗುವಷ್ಟರಲ್ಲಿ ಹಿಟ್ಟು ಉಬ್ಬಿ ಬಟ್ಟೆಯನ್ನು ಎತ್ತಿ ಹಿಡಿದಿರುತ್ತದೆ. ಅದರಲ್ಲಿ ಒಂದು ಹಿಡಿಯನ್ನು ಮೊದಲು ಭರಣಿಗೆ ಹಾಕಬೇಕು. ಅದು ಮುಂದಿನ ಸಲದ ಹೆಪ್ಪು. ಉಳಿದದ್ದನ್ನು ಉಂಡೆ ಕಟ್ಟಿ, ಒಂದಕ್ಕೊಂದು ತಾಗಿಸಿ ಜೋಡಿಸಿ, ಮೇಲೆ ಹಾಲು ಸವರಿ ಹಿತ್ತಲಿನ ಭಟ್ಟಿಯೊಳಗಿಟ್ಟರೆ, ಕೆಂಪಗೆ ಬೆಂದ ಬನ್ನು. ಮುರಿದರೆ ಒಳಗೆ ಹತ್ತಿ.

ಅತ್ತೆ ಇದನ್ನು ಮಾರಲಿಲ್ಲ. ಬಾಣಂತಿಯರಿಗೆ ಕೊಟ್ಟಳು, ಜ್ವರ ಬಿಟ್ಟು ಎದ್ದವರಿಗೆ ಕೊಟ್ಟಳು, ಹಲ್ಲು ಹೋದವರಿಗೆ ಕೊಟ್ಟಳು. ದೇವರು ಕೆಲವರ ಕೈಗೆ ಹೀಗೆ ಒಂದು ಕೆಲಸ ಕೊಟ್ಟಿರುತ್ತಾನೆ.

ಕೇರಿಯ ಹೆಂಗಸರು ಹೆಪ್ಪು ಕೇಳಿಕೊಂಡು ಬರುತ್ತಿದ್ದರು. ಒಯ್ದು ಒಂದು ಸಲ ಬನ್ನು ಸುಟ್ಟು, ಮತ್ತೆ ಹೆಪ್ಪು ಎತ್ತಿಡಲು ಮರೆತು, ಪುನಃ ಬಟ್ಟಲು ಹಿಡಿದು ಬಾಗಿಲಿಗೆ ಬರುತ್ತಿದ್ದರು. ಸೊಸೆ ಗೊಣಗಿದರೆ ಅತ್ತೆ ನಗುತ್ತಿದ್ದಳು.

“ಬರ್ಲಿ ಬಿಡವ್ವಾ. ಅವ್ರು ನೆನಪಿಟ್ಟು ಎತ್ತಿಟ್ರ, ಈ ಮುದುಕಿನ್ನ ಮಾತಾಡ್ಸಾಕ ಯಾರು ಬರ್ತಾರ?”

ಸೊಸೆ ಕೆಟ್ಟವಳಲ್ಲ. ಇದನ್ನು ಮರೆಯಬೇಡ. ಆಕೆ ದೈವಭಕ್ತೆ. ಮಿಂದು ಮಡಿಯುಡದೆ ಒಲೆ ಮುಟ್ಟಿದವಳಲ್ಲ. ಅತ್ತೆಯನ್ನು ಹೆತ್ತ ತಾಯಿಗಿಂತ ಹೆಚ್ಚಾಗಿ ನೋಡಿಕೊಂಡವಳು. ಅತ್ತೆಗೆ ವಯಸ್ಸಾಗಿ, ಕಾಲಿನ ಶಕ್ತಿ ಹೋಗಿ, ಮನೆಯ ಬೀಗದ ಕೈ ಸೊಸೆಯ ಸೆರಗಿಗೆ ಬಂದಾಗ ಆಕೆ ಮಾಡಿದ ಮೊದಲ ಕೆಲಸವೆಂದರೆ, ಅಡುಗೆಮನೆಯ ಮೂಲೆಯಲ್ಲಿದ್ದ ಭರಣಿಯನ್ನು ತೊಳೆದ ಬಟ್ಟೆಯಲ್ಲಿ ಎತ್ತಿ ದೇವರ ಕೋಣೆಗೆ ತಂದದ್ದು. ಅದಕ್ಕೆ ವಿಭೂತಿ ಹಚ್ಚಿದಳು, ಕುಂಕುಮ ಇಟ್ಟಳು. ಅತ್ತೆಯ ಕೈಯಿಂದ ಬಂದದ್ದು ಪ್ರಸಾದ. ಪ್ರಸಾದ ಇರಬೇಕಾದ ಜಾಗದಲ್ಲಿ ಇರಲಿ ಎಂದುಕೊಂಡಳು.

ದೇವರ ಕೋಣೆಗೆ ಹೋದ ವಸ್ತುವನ್ನು ಬಟ್ಟಲಿಗೆ ಹಾಕಿ ಕೊಡಲಾಗುತ್ತದೆಯೇ? ಯಾರು ಯಾವ ಮೈಲಿಗೆಯಲ್ಲಿ ಮುಟ್ಟುತ್ತಾರೋ. ಯಾರು ತಂಗಳು ಅನ್ನದ ಪಕ್ಕದಲ್ಲಿ ಇಡುತ್ತಾರೋ. ಹೆಪ್ಪು ಹೊಸ್ತಿಲು ದಾಟಿದರೆ ಲಕ್ಷ್ಮಿಯೂ ದಾಟುತ್ತಾಳೆಂದು ತವರಿನಲ್ಲಿ ಬೇರೆ ಹೇಳಿಕೊಟ್ಟಿದ್ದರು. ಬಂದವರಿಗೆ ಸೊಸೆ ಕೈಮುಗಿದು, “ಬನ್ನು ಬೇಕಾದ್ರ ನಾನೇ ಮಾಡಿ ಕಳಸ್ತೀನ್ರಿ. ಹೆಪ್ಪು ಮಾತ್ರ ಕೇಳಬ್ಯಾಡ್ರಿ” ಎಂದಳು. ಕೊಟ್ಟ ಮಾತಿನಂತೆ ಮಾಡಿ ಕಳಿಸಿದಳು ಕೂಡ. ಆದರೆ ಹೆಂಗಸರು ಬಾಗಿಲಿಗೆ ಬರುವುದು ನಿಂತಿತು. ಅವರವರ ಮನೆಯ ಹೆಪ್ಪುಗಳು ಒಣಗಿ ಹೋದವು. ಊರಿಗೆಲ್ಲ ಆ ಒಂದು ಭರಣಿ ಉಳಿಯಿತು.

ಇದು ಅತ್ತೆಗೆ ತಿಳಿಯಲಿಲ್ಲ. ಹಾಸಿಗೆ ಹಿಡಿದವರಿಗೆ ಬಾಗಿಲು ಕಾಣುವುದಿಲ್ಲ.

ಆ ಕೇರಿಯ ಹಿಂದೆ ಒಬ್ಬ ವಿಧವೆ ಇದ್ದಳು. ನಾಲ್ಕು ಮನೆಗೆ ಹೋಗಿ ರೊಟ್ಟಿ ಬಡಿದು ಬದುಕುವವಳು. ಬಡವಿ, ಆದರೆ ಬಾಯಿ ಬಡತನದ್ದಲ್ಲ. ಆಕೆ ಬಂದರೆ ಮನೆಯಲ್ಲಿ ನಗು ಬಂದ ಹಾಗೆ. ಅತ್ತೆಯ ತಲೆ ಬಾಚುತ್ತ, “ಯತ್ತೀ, ನಿಮ್ಮ ತಲಿಯಾಗ ಕೂದಲಕ್ಕಿಂತ ನೆನಪ ಜಾಸ್ತಿ ಅದಾವ. ಬಾಚಣಿಕಿಗೆ ಅವ ಸಿಗ್ತಾವ” ಎನ್ನುವಳು. ಮುದುಕಿ ಹಾಸಿಗೆಯಲ್ಲೇ ಕುಲುಕಿ ಕುಲುಕಿ ನಗುವಳು.

ಒಮ್ಮೆ ಸೊಸೆಯ ತಮ್ಮನ ಮದುವೆ ಬಂತು. ತವರಿಗೆ ಹೋಗಲೇಬೇಕು. ಸೊಸೆ ಭರಣಿಯ ಹೆಪ್ಪಿಗೆ ಹಿಟ್ಟು ಹಾಲು ಕೂಡಿಸಿ, ದೇವರ ಕೋಣೆಯ ಬಾಗಿಲೆಳೆದು, ಅತ್ತೆಯನ್ನು ಆ ಹೆಂಗಸಿನ ಕೈಗೊಪ್ಪಿಸಿ ಹೊರಟಳು. ಮದುವೆಯ ಮನೆಯಲ್ಲಿ ನೆಂಟರು ಬಿಡಲಿಲ್ಲ. ಅಂದುಕೊಂಡದ್ದಕ್ಕಿಂತ ಹೆಚ್ಚು ದಿನ ಆಯಿತು.

ಮರಳಿ ಬಂದು ಮಿಂದು ದೇವರ ಕೋಣೆ ಹೊಕ್ಕಳು. ಭರಣಿಯ ಮುಚ್ಚಳ ತೆಗೆದಳು.

ಭರಣಿಯ ಒಳಗೋಡೆಗೆ, ಕುತ್ತಿಗೆಯ ಹತ್ತಿರ, ಹಿಟ್ಟಿನ ಗುರುತು ಒಣಗಿ ಅಂಟಿಕೊಂಡಿತ್ತು. ಅಲ್ಲಿಯವರೆಗೆ ಹೆಪ್ಪು ಇತ್ತೆಂಬುದಕ್ಕೆ ಅದೇ ಸಾಕ್ಷಿ. ಈಗ ಹೆಪ್ಪು ಇದ್ದದ್ದು ತಳದಲ್ಲಿ. ಅರ್ಧಕ್ಕೂ ಹೆಚ್ಚು ಹೋಗಿತ್ತು.

ಮನೆಯಲ್ಲಿ ಇದ್ದವರು ಯಾರು? ಎದ್ದು ಓಡಾಡಲಾಗದ ಅತ್ತೆ. ಬೆಳಗಾದರೆ ಹೋಗಿ ಕತ್ತಲಾದರೆ ಬರುವ ಗಂಡಸರು. ಮತ್ತೆ ಆ ಹೆಂಗಸು. ಲೆಕ್ಕ ಬಹಳ ಸುಲಭವಾಗಿತ್ತು.

ಸೊಸೆ ಆಕೆಯನ್ನು ಒಳಗೆ ಕರೆದು ಕೇಳಬಹುದಿತ್ತು. ಅತ್ತೆಯನ್ನು ಒಂದು ಮಾತು ಕೇಳಬಹುದಿತ್ತು. ಕೇಳುವುದೇನಿದೆ, ಕಣ್ಣಾರೆ ಕಂಡಿದ್ದೇನಲ್ಲ, ಎಂದುಕೊಂಡಳು. ಕೇರಿಯ ಹೆಂಗಸರು ನೀರಿಗೆ ಸೇರುವ ಬಾವಿಯ ಕಟ್ಟೆಗೆ ಹೋದಳು. ಆ ಹೆಂಗಸು ಅಲ್ಲೇ ಹಗ್ಗ ಸೇದುತ್ತಿದ್ದಳು.

“ಹಸಿದಿದ್ರ ಕೇಳಬೇಕಾಗಿತ್ತು. ದೇವರ ಕೋಣಿಗೆ ಯಾಕ ಕೈ ಹಾಕಿದಿ?”

ಆಕೆಗೆ ಅರ್ಥವಾಗಲಿಲ್ಲ. “ಏನ್ ಹಾಕಿದ್ನ್ರಿ ಯಕ್ಕಾ?”

“ಭರಣ್ಯಾಗಿನ ಹೆಪ್ಪು. ಅರ್ಧ ಇಲ್ಲ.”

“ನಾ ಆ ಕೋಣಿ ಹೊಸ್ತಿಲಾ ಸೈತ ತುಳಿದಿಲ್ಲ. ನನ್ನಾಣಿ, ಯತ್ತಿಯಾಣಿ.”

“ಹಂಗಾರ ಹಿಟ್ಟಿಗೆ ಕಾಲು ಬಂದ್ವೇನು?”

ಯಾರೋ ಕಿಸಕ್ಕೆಂದು ನಕ್ಕರು. ಒಬ್ಬರು ನಕ್ಕರೆ ಸಾಕು, ಉಳಿದವರೂ ನಕ್ಕರು. ಮಾತು ಅಲ್ಲಿಗೇ ಗಟ್ಟಿಯಾಯಿತು. ಯಾವಾಗಲೂ ನಗಿಸುತ್ತಿದ್ದವಳು ಈ ನಗುವಿಗೆ ಉತ್ತರ ಹುಡುಕುತ್ತ ನಿಂತಳು. ಅರ್ಧ ಸೇದಿದ ಕೊಡವನ್ನು ಬಾವಿಗೇ ಬಿಟ್ಟು ಹೋದಳು.

ಅಂದಿನಿಂದ ಯಾವ ಮನೆಯವರೂ ಆಕೆಯನ್ನು ರೊಟ್ಟಿಗೆ ಕರೆಯಲಿಲ್ಲ. ಹೆಪ್ಪು ಕದ್ದವಳು ತುಪ್ಪ ಬಿಡುತ್ತಾಳೆಯೇ? ಆಕೆ ಬರುತ್ತಿರುವುದು ಕಂಡರೆ ಅಡುಗೆಮನೆಯ ಚಿಲಕ ಬೀಳುತ್ತಿತ್ತು. ಕೊನೆಗೆ ಆಕೆ ಊರ ಹೊರಗಿನ ಸುಣ್ಣದ ಭಟ್ಟಿಯಲ್ಲಿ ಕಲ್ಲು ಹೊರುವ ಕೆಲಸಕ್ಕೆ ಸೇರಿ, ಅಲ್ಲೇ ಒಂದು ಗುಡಿಸಲು ಹಾಕಿಕೊಂಡಳು.

“ಆಕಿ ಎಲ್ಲಿ ಹೋದ್ಲವ್ವಾ? ತಲಿ ಬಾಚಾಕ ಬರಲಿಲ್ಲ” ಎಂದು ಅತ್ತೆ ಕೇಳಿದರೆ, ಸೊಸೆ “ಆಕಿ ಬೀಗರ ಊರಿಗೆ ಹೋಗ್ಯಾಳ್ರಿ” ಎಂದಳು. ಮುದಿಜೀವಕ್ಕೆ ಕಳ್ಳತನದ ಸುದ್ದಿ ಹೇಳಿ ನೋಯಿಸಬಾರದೆಂದು. ಅದನ್ನೂ ಪ್ರೀತಿಯಿಂದಲೇ ಮಾಡಿದಳು.

ಹೀಗೆ ಕಾಲ ಕಳೆಯಿತು. ಅತ್ತೆ ಅನ್ನ ಬಿಟ್ಟಳು. ಗಂಜಿ ಬಿಟ್ಟಳು. ವೈದ್ಯರು ನಾಡಿ ನೋಡಿ ಕೈಬಿಟ್ಟರು. ಒಂದು ಮಧ್ಯಾಹ್ನ ಮುದುಕಿ ಸೊಸೆಯ ಕೈ ಹಿಡಿದಳು.

“ಯವ್ವಾ, ಬಾಯಾಗ ಹಲ್ಲಿಲ್ಲ, ಗಂಟಲದಾಗ ದಾರಿ ಇಲ್ಲ. ಒಂದ ಒಂದು ಹಾಲಿನ ಬನ್ನು ಮಾಡು. ಹಾಲಾಗ ಅದ್ದಿ ಬಾಯಾಗ ಇಡು. ಅಷ್ಟು ಉಂಡು ಕಣ್ಣು ಮುಚ್ಚತೀನಿ. ಅದು ನಮ್ಮಪ್ಪನ ಕೈರುಚಿ.”

ಸೊಸೆಯ ಕಣ್ಣು ತುಂಬಿತು. ತಾನು ಆ ಮನೆಗೆ ಬಂದ ಮೇಲೆ ಅತ್ತೆ ಏನನ್ನೂ ಕೇಳಿದವಳಲ್ಲ. ಇದೊಂದನ್ನು ಕೇಳಿದ್ದಾಳೆ. ಇದನ್ನು ನಡೆಸಿಕೊಡದಿದ್ದರೆ ತಾನು ಸೊಸೆಯಾಗಿ ಏನು ಬಂತು?

ಹಿತ್ತಲಿನ ಹಳೆಯ ಭಟ್ಟಿ ಬಿರುಕು ಬಿಟ್ಟಿತ್ತು. ಅದರಲ್ಲಿ ಸುಡಲು ಮನಸ್ಸೊಪ್ಪಲಿಲ್ಲ. ಕುಂಬಾರನನ್ನು ಕರೆಸಿ ಅವಸರದಲ್ಲಿ ಹೊಸ ಭಟ್ಟಿ ಕಟ್ಟಿಸಿದಳು. ಹೊಸ ಮನೆಗೆ, ಹೊಸ ಒಲೆಗೆ ಮೊದಲು ಹಾಲುಕ್ಕಿಸುವುದು ನಮ್ಮ ಪದ್ಧತಿ. ಭಟ್ಟಿಗೆ ಅರಿಸಿನ ಕುಂಕುಮ ಹಚ್ಚಿ, ಹೂವೇರಿಸಿ, ಹೊಸ ಗಡಿಗೆಯಲ್ಲಿ ಹಾಲಿಟ್ಟಳು. ಹಾಲು ಉಕ್ಕಿ ಮೂಡಣದ ಕಡೆಗೇ ಹರಿಯಿತು. ಇದಕ್ಕಿಂತ ಶುಭವುಂಟೇ? ಆಕೆಗೆ ರೋಮಾಂಚನವಾಯಿತು. ದೇವರು ಒಪ್ಪಿದ ಹಾಲು ಇದು, ಈ ಹಾಲಿನಲ್ಲೇ ಅತ್ತೆಯ ಬನ್ನು ಆಗಬೇಕು, ಅದರ ಕಾವು ಆರುವುದರೊಳಗೆ ಆಗಬೇಕು ಎಂದುಕೊಂಡಳು.

ಹಾಲು ಬೆರಳು ತಾಳುವಷ್ಟು ಬೆಚ್ಚಗಿರಬೇಕೆಂದು ಅತ್ತೆ ಕಲಿಸಿದ್ದು ಆಕೆಗೆ ಗೊತ್ತಿಲ್ಲದೆ ಇಲ್ಲ. ಅಷ್ಟು ವರ್ಷ ಹಾಗೆಯೇ ಮಾಡಿದವಳು. ಆದರೆ ಅಂದು ಬೆರಳದ್ದಿ ನೋಡುವುದು ದೇವರನ್ನೇ ಪರೀಕ್ಷೆ ಮಾಡಿದ ಹಾಗೆ ಅನ್ನಿಸಿತು. ಅತ್ತೆಯ ಹೆಸರಿನಲ್ಲಿ ಕೇರಿಗೆಲ್ಲ ಬನ್ನು ಹಂಚಬೇಕೆಂಬ ಆಸೆಯೂ ಹುಟ್ಟಿತು. ಭರಣಿಯನ್ನು ಬೋರಲು ಹಾಕಿ ಇದ್ದ ಹೆಪ್ಪನ್ನೆಲ್ಲ ಪರಾತದಲ್ಲಿ ಸುರಿದುಕೊಂಡಳು. ಬಾಯಲ್ಲಿ ಮಂತ್ರ. ಕೈಯಲ್ಲಿ ಕುದಿಯುವ ಹಾಲು. ಕಣ್ಣು ಮುಚ್ಚಿಕೊಂಡು ಹೆಪ್ಪಿನ ಮೇಲೆ ಹೊಯ್ದಳು, ಲಿಂಗದ ಮೇಲೆ ಹೊಯ್ದ ಹಾಗೆ.

ಹೆಪ್ಪು ಜೀವ ಇರುವ ವಸ್ತು, ಮಗು. ನಮ್ಮ ಹಾಗೆಯೇ.

ಆಕೆ ನಾದಿದಳು, ಒದ್ದೆ ಬಟ್ಟೆ ಮುಚ್ಚಿದಳು, ಪಕ್ಕದಲ್ಲಿ ದೀಪ ಹಚ್ಚಿಟ್ಟು ಮಲಗಿದಳು. ಬೆಳಗ್ಗೆ ಎದ್ದು ನೋಡಿದರೆ ಬಟ್ಟೆ ಇಟ್ಟ ಹಾಗೇ ಇತ್ತು. ಎತ್ತಿ ನೋಡಿದಳು. ಹಿಟ್ಟು ಕಲ್ಲಿನ ಗುಂಡಿನ ಹಾಗೆ ಕೂತಿತ್ತು. ಬೆರಳೊತ್ತಿದರೆ ಗುಣಿ ಬಿದ್ದು ಹಾಗೇ ಉಳಿಯಿತು. ಹುಳಿಯ ವಾಸನೆ ಇಲ್ಲ. ಬೆಂದ ಗಂಜಿಯ ವಾಸನೆ. ಬಿಸಿಲಿಗಿಟ್ಟಳು. ಭಟ್ಟಿಯ ಪಕ್ಕದಲ್ಲಿಟ್ಟಳು. ಸಕ್ಕರೆ ಸೇರಿಸಿ ಮತ್ತೆ ನಾದಿದಳು. ಅದು ಏಳಲಿಲ್ಲ.

ಆಮೇಲೆ ಓಡಿಹೋಗಿ ಭರಣಿಯನ್ನು ನೋಡಿದಳು. ತಾನೇ ಬೋರಲು ಹಾಕಿದ ಭರಣಿ. ನೀರು ಹಾಕಿ ಬಳಿದು ತೆಗೆದ ಭರಣಿ. ಹೊರಗಿನ ಕುಂಕುಮದ ಗುರುತು ಬಿಟ್ಟರೆ ಅದರಲ್ಲಿ ಇನ್ನೇನೂ ಇರಲಿಲ್ಲ.

ಒಳಗಿನಿಂದ ಅತ್ತೆಯ ಸಣ್ಣ ದನಿ ಬಂತು. “ಯವ್ವಾ, ಇನ್ನೂ ವಾಸನೀನ ಬರವಲ್ದು?”

“ಬರತೈತ್ರಿ ಅತ್ತೀ, ಹಿಟ್ಟು ಇನ್ನೂ ಏಳಬೇಕ್ರಿ” ಎಂದಳು ಸೊಸೆ. ತನ್ನ ದನಿ ತನಗೇ ಬೇರೆಯವರದ್ದಾಗಿ ಕೇಳಿಸಿತು.

ಮಡಿಯನ್ನೂ ಮರೆತು ಬಟ್ಟಲು ಹಿಡಿದು ಕೇರಿಗಿಳಿದಳು. ಬಟ್ಟಲು ಹಿಡಿದು ಆಕೆ ಕೇರಿಗೆ ಇಳಿದದ್ದು ಅದೇ ಮೊದಲು. ಒಂದು ಮನೆ, ಇನ್ನೊಂದು ಮನೆ, ಮತ್ತೊಂದು ಮನೆ. ಯಾರೂ ಬೈಯಲಿಲ್ಲ. ಅದೇ ಹೆಚ್ಚು ನೋವಾಯಿತು.

“ನೀವು ಕೊಡೂದು ಬಿಟ್ಟ ಮ್ಯಾಲ ನಮ್ಮಲ್ಲಿ ಎಲ್ಲಿಂದ ಬರಬೇಕ್ರಿ, ವೈನಿ?” ಎಂದರು.

ಕೊನೆಯ ಮನೆಯವಳು ಬಾಗಿಲು ಮುಚ್ಚುತ್ತಿದ್ದವಳು ತಟ್ಟನೆ ನಿಂತಳು.

“ಅಲ್ರೀ, ಆ ಕಳ್ಳಿ ಹತ್ರ ಇರಬೇಕಲ್ಲ? ಆಕಿ ಒಯ್ದದ್ದು ನಿಮ್ಮ ಹೆಪ್ಪ ಅಲ್ಲೇನು? ಕದ್ದೋರು ಜ್ವಾಪಾನ ಮಾಡಿ ಇಟ್ಟಿರ್ತಾರ ನೋಡ್ರಿ.”

ಸೊಸೆಗೆ ಹೋದ ಜೀವ ಬಂದಂತಾಯಿತು. ಹೌದಲ್ಲ! ಆಕೆ ಒಯ್ದಿದ್ದಾಳೆ. ಅರ್ಧಕ್ಕೂ ಹೆಚ್ಚು ಒಯ್ದಿದ್ದಾಳೆ. ಬನ್ನು ಸುಡುವುದು ಆಕೆಗೂ ಬರುತ್ತದೆ; ಅತ್ತೆಯ ಜೊತೆ ಕೂತು ನೋಡಿದ್ದಾಳೆ. ಉಳಿಸಿಕೊಂಡಿರುತ್ತಾಳೆ. ಸಂಜೆಗೆ ನಾದಿದರೆ ಬೆಳಗ್ಗೆ ಬನ್ನು. ಅತ್ತೆ ಅಲ್ಲಿಯವರೆಗೆ ಇರುತ್ತಾಳೆ. ಇರಲೇಬೇಕು.

ಸುಣ್ಣದ ಭಟ್ಟಿಯ ದಾರಿಯಲ್ಲಿ ಆಕೆ ಓಡುತ್ತಲೇ ಹೋದಳು. ತುಟಿ ತಾನಾಗಿ ಅಲುಗುತ್ತಿತ್ತು. ಕಷ್ಟದಲ್ಲಿ ದೇವರ ಹೆಸರು ತಾನಾಗಿ ಬರುವ ಬಾಯಿ ಅದು.

“ತಂದೀ, ಆಕಿ ಕದ್ದಿರ್ಲಿ. ತಂದೀ, ಆಕಿ ಕದ್ದಿರ್ಲಿ. ಆಕಿ ಕಳ್ಳಿ ಆಗಿರ್ಲಿ.”

ಸ್ವಲ್ಪ ದೂರ ಹೋದ ಮೇಲೆ ಆ ಮಾತು ಆಕೆಯ ಕಿವಿಗೇ ಬಿತ್ತು. ಕಾಲು ನಿಂತವು. ತಾನು ಏನನ್ನು ಬೇಡುತ್ತಿದ್ದೇನೆ? ಹುಟ್ಟಿದಂದಿನಿಂದ ದೇವರ ಹತ್ತಿರ ಹಾಲು ಬೇಡಿದ್ದಳು, ಹಣ್ಣು ಬೇಡಿದ್ದಳು, ಮನೆಗೆ ಮಳೆ ಬೆಳೆ ಬೇಡಿದ್ದಳು. ಇನ್ನೊಬ್ಬರ ಪಾಪವನ್ನು ಬೇಡಿದ್ದು ಇದೇ ಮೊದಲು.

ಆದರೂ ಮತ್ತೆ ಹೆಜ್ಜೆ ಹಾಕಿದಳು. ಹೆಜ್ಜೆಯ ಜೊತೆಗೆ ಅದೇ ಪ್ರಾರ್ಥನೆಯೂ ಹೊರಟಿತು. ಬೇರೆ ಪ್ರಾರ್ಥನೆ ಆಕೆಯ ಹತ್ತಿರ ಇರಲಿಲ್ಲ.

ಗುಡಿಸಲಿನ ಮುಂದೆ ಆ ಹೆಂಗಸು ಕೂತಿದ್ದಳು. ಕೈಯ ಬೆರಳುಗಳು ಸುಣ್ಣ ತಿಂದು ಬಿರಿದಿದ್ದವು. ರೊಟ್ಟಿ ಬಡಿಯುತ್ತಿದ್ದ ಕೈ ಅದು ಎಂದು ಗುರುತು ಸಿಗುವಂತಿರಲಿಲ್ಲ. ಬಂದವಳನ್ನು ನೋಡಿ ಆಕೆ ಏಳಲಿಲ್ಲ.

“ಬರ್ರಿ ಯಕ್ಕಾ. ಕಳ್ಳಿ ಮನಿಗೆ ಬಂದೀರಿ, ಸೆರಗಿನ ಗಂಟು ಗಟ್ಟಿ ಹಿಡ್ಕೊಳ್ರಿ.”

ಸೊಸೆ ಸೆರಗೊಡ್ಡಿ ಆಕೆಯ ಮುಂದೆ ಕುಸಿದಳು.

“ಏನರ ಅನ್ನವ್ವಾ, ಅನ್ನಿಸ್ಕೋತೀನಿ. ನೀ ಒಯ್ದದ್ರಾಗ ಒಂದು ಹಿಡಿ ಕೊಡು. ಒಯ್ದದ್ದಕ್ಕ ನನಗ ಸಿಟ್ಟಿಲ್ಲ. ನೀ ಒಯ್ದದ್ದು ಛಲೋನ ಆತು. ನನ್ನ ಹೆಪ್ಪು ಸತ್ತು ಹೋತು. ಅತ್ತಿ ಹೋಗೂ ಹೊತ್ತು ಬಂದೈತಿ, ಒಂದು ಬನ್ನು ಕೇಳ್ಯಾಳ.”

ಆ ಹೆಂಗಸಿನ ಮುಖದಲ್ಲಿದ್ದ ಕೊಂಕು ಹೋಯಿತು. ಎದ್ದು ನಿಂತಳು. ಮತ್ತೆ ಕೂತಳು.

“ಯತ್ತಿ ಹೊಂಟಾಳ?” ಎಂದಳು.

“ಕೊಡವ್ವಾ. ಕೈ ಮುಗೀತೀನಿ.”

“ಯಕ್ಕಾ, ನಾ ಕದ್ದಿದ್ರ ಎಷ್ಟು ಛಲೋ ಇತ್ತು!” ಆಕೆ ಎರಡೂ ಕೈಗಳಿಂದ ಮುಖ ಮುಚ್ಚಿಕೊಂಡಳು. “ಆ ಮುದುಕಿ ಬಾಯಿಗೆ ಇಡಾಕರ ಆಗ್ತಿತ್ತು. ನನ್ನ ಹತ್ರ ಇಲ್ರಿ. ಅವತ್ತೂ ಇರಲಿಲ್ಲ, ಇವತ್ತೂ ಇಲ್ಲ.”

ಸೊಸೆ ನಂಬಲಿಲ್ಲ. ಆಕೆಯನ್ನು ದಾಟಿ ಗುಡಿಸಲಿನೊಳಗೆ ಹೊಕ್ಕಳು. ಒಂದು ನೀರಿನ ಗಡಿಗೆ. ಒಂದು ಜೋಳದ ಹಿಟ್ಟಿನ ಡಬ್ಬಿ. ಹಂಚು. ಮಡಿಸಿಟ್ಟ ಕೌದಿ. ಕೌದಿಯನ್ನೂ ಬಿಚ್ಚಿ ನೋಡಿದಳು. ಡಬ್ಬಿಯ ಹಿಟ್ಟಿನೊಳಗೆ ಕೈ ಆಡಿಸಿದಳು. ತಾನು ಕಳ್ಳಿಯ ಮನೆಯನ್ನು ಹುಡುಕುತ್ತಿಲ್ಲ, ಬಡವಿಯ ಮನೆಯನ್ನು ಹುಡುಕುತ್ತಿದ್ದೇನೆ ಎಂದು ಆಗ ಹೊಳೆಯಿತು. ಹಿಟ್ಟು ಮೆತ್ತಿದ ಕೈ ಗಾಳಿಯಲ್ಲೇ ನಿಂತುಬಿಟ್ಟಿತು.

“ಮತ್ತ ಭರಣ್ಯಾಗಿನ ಹೆಪ್ಪು ಎಲ್ಲಿ ಹೋತು?” ಎಂದಳು. ಅದು ಪ್ರಶ್ನೆಯಲ್ಲ, ಗೋಳು.

“ಅದನ್ನ ನೀವು ಅವತ್ತ ಕೇಳಬೇಕಾಗಿತ್ತು” ಎಂದಳು ಆ ಹೆಂಗಸು.

ಸೊಸೆ ಮನೆಗೆ ಹೇಗೆ ಬಂದಳೋ ಆಕೆಗೇ ತಿಳಿಯದು. ಅತ್ತೆ ಎಚ್ಚರವಾಗಿದ್ದಳು. ಹಾಸಿಗೆಯ ಪಕ್ಕ ಕೂತು ಆ ಒಣಗಿದ ಕೈಯನ್ನು ಹಿಡಿದುಕೊಂಡಳು. ಕೇಳಿದಳು.

“ಅತ್ತೀ, ಭರಣ್ಯಾಗ ಇದ್ದ ಹೆಪ್ಪು ತಾನ ಕಡಿಮಿ ಆಗತೈತೇನ್ರಿ? ಯಾರೂ ಮುಟ್ಟಲಾರದ?”

ಮುದುಕಿಯ ಬೋಳು ಬಾಯಿ ನಗುವಿಗೆ ಅಗಲವಾಯಿತು. ಇಂಥದ್ದನ್ನು ಕೇಳುವುದೆಂದರೆ ಆಕೆಗೆ ಈಗಲೂ ಖುಷಿ.

“ಆಗದ ಏನು? ಹೊಟ್ಟಿ ತುಂಬಿದಾಗ ಮ್ಯಾಲ ಬರತೈತಿ, ಹಸಿವಾತಂದ್ರ ಕೆಳಗ ಇಳೀತೈತಿ. ಗ್ವಾಡಿಗೆ ಗುರುತು ಬಿಟ್ಟು ಇಳೀತೈತಿ. ನೀ ದಿನಾ ತಪ್ಪದ ಅದಕ್ಕ ಹಿಟ್ಟು ಹಾಲು ಉಣಸತಿದ್ದಿ, ನಿನಗ ಎಲ್ಲಿಂದ ಕಾಣಬೇಕು? ನಿನ್ನ ತಮ್ಮನ ಮದುವಿಗೆ ಹೋಗಿದ್ದೆಲ್ಲ, ಆವಾಗ ಇಳಿದಿರಬೇಕು ನೋಡು. ಯಾಕ ಕೇಳತಿ?”

ಸೊಸೆ ಅತ್ತೆಯ ಕೈಯನ್ನು ಬಿಟ್ಟು ತನ್ನ ಕೈಗಳನ್ನು ನೋಡಿಕೊಂಡಳು. ಬೆರಳ ಸಂದಿಯಲ್ಲಿ ಇನ್ನೂ ಜೋಳದ ಹಿಟ್ಟು ಇತ್ತು.

ಗುರುಗಳು ಇಲ್ಲಿಗೆ ನಿಲ್ಲಿಸಿದರು. ಮುಂದಿದ್ದ ದೀಪದ ಬತ್ತಿಯನ್ನು ಸ್ವಲ್ಪ ಮೇಲೆತ್ತಿದರು. ಅಡವಯ್ಯ ಕಾದ. ಕೊನೆಗೆ ಅವನೇ ಕೇಳಿದ.

“ಗುರುಗಳೇ, ಆ ಮುದುಕಿಗೆ ಕಡೆಗೂ ಬನ್ನು ಸಿಕ್ಕಿತೇ?”

ಗುರುಗಳು ಅವನನ್ನು ಕರುಣೆಯಿಂದ ನೋಡಿದರು.

“ಬನ್ನು ಏನಾಯಿತೆಂದು ಕೇಳಿದೆ, ಮಗು, ಸುಣ್ಣದ ಭಟ್ಟಿಯ ಆ ಹೆಂಗಸು ಏನಾದಳೆಂದು ಕೇಳಲಿಲ್ಲ.”

ದುರ್ಗಪ್ಪ ಕಟ್ಟೆಯ ಮೇಲಿಟ್ಟು ಹೋದ ಹೂವಿನ ಬುಟ್ಟಿ ನೆನಪಾಗಿ ಅಡವಯ್ಯ ತಲೆ ತಗ್ಗಿಸಿದ.